ಬಳೆಯ ನೆರಳಿನಿಂದ ಭೂಪಟದವರೆಗೆ: ದುಂಡನೆಯದನ್ನು ಚಪ್ಪಟೆ ಮಾಡುವ ಲೆಕ್ಕ

ಶಾಲೆಯ ಗೋಡೆಗೆ ತೂಗುಹಾಕಿದ ಹಳೆಯ ಪ್ರಪಂಚ ಭೂಪಟವೊಂದರಲ್ಲಿ ಗ್ರೀನ್‌ಲ್ಯಾಂಡನ್ನೂ ಭಾರತವನ್ನೂ ಹೋಲಿಸಿ ನೋಡಿ. ಉತ್ತರದ ಅಂಚಿನಲ್ಲಿ ಬಿಳಿಯ ಬಂಡೆಯಂತೆ ಕುಳಿತಿರುವ ಗ್ರೀನ್‌ಲ್ಯಾಂಡ್, ಭಾರತದ ಹಲವು ಪಟ್ಟು ದೊಡ್ಡದಾಗಿ, ಹೆಚ್ಚುಕಡಿಮೆ ಇಡೀ ಆಫ್ರಿಕಾ ಖಂಡದಷ್ಟೇ ಕಾಣಬಹುದು. ಅಳತೆಯ ಅಂಕಿಗಳು ಬೇರೆಯದನ್ನೇ ಹೇಳುತ್ತವೆ. ಗ್ರೀನ್‌ಲ್ಯಾಂಡಿನ ವಿಸ್ತೀರ್ಣ ಸುಮಾರು 21.66 ಲಕ್ಷ ಚದರ ಕಿಲೋಮೀಟರ್, ಭಾರತದ್ದು 32.87 ಲಕ್ಷ, ಆಫ್ರಿಕಾದ್ದು ಮೂರು ಕೋಟಿಗೂ ಹೆಚ್ಚು. ಅಂದರೆ ಭಾರತವು ಗ್ರೀನ್‌ಲ್ಯಾಂಡಿನ ಒಂದೂವರೆ ಪಟ್ಟು ದೊಡ್ಡದು. ಆಫ್ರಿಕಾದೊಳಗಂತೂ ಹದಿನಾಲ್ಕು ಗ್ರೀನ್‌ಲ್ಯಾಂಡುಗಳು ಹಿಡಿಸುತ್ತವೆ.

ಈ ವ್ಯತ್ಯಾಸ ಭೂಗೋಳದ ಅಧ್ಯಾಪಕರಿಗೆ ಹೊಸದಲ್ಲ. ಆದರೆ 2025ರ ಆಗಸ್ಟ್‌ನಲ್ಲಿ 55 ದೇಶಗಳ ಆಫ್ರಿಕನ್ ಒಕ್ಕೂಟವು, ಮರ್ಕೇಟರ್ ಎಂಬ ಹೆಸರಿನ ಈ ಮಾದರಿಯನ್ನು ಕೈಬಿಟ್ಟು ಖಂಡಗಳ ಗಾತ್ರವನ್ನು ಸರಿಯಾಗಿ ತೋರಿಸುವ ಭೂಪಟವನ್ನು ಬಳಸಬೇಕೆಂಬ ಅಭಿಯಾನಕ್ಕೆ ಬೆಂಬಲ ಸೂಚಿಸಿದ ಮೇಲೆ ವಿಷಯ ತರಗತಿಯಿಂದ ಸುದ್ದಿಗೆ ಬಂದಿತು. ಹಾಗಾದರೆ ನಾಲ್ಕೂವರೆ ಶತಮಾನಗಳಿಂದ ನಾವು ತಪ್ಪು ನಕ್ಷೆಯನ್ನೇ ನಂಬಿಕೊಂಡು ಬಂದೆವೇ ಎಂಬುದು ಸಹಜವಾದ ಪ್ರಶ್ನೆ. ಅದಕ್ಕೆ ಉತ್ತರ ಕೊಡುವ ಮೊದಲು, ಘನವಾದ ವಸ್ತುವೊಂದನ್ನು ಚಪ್ಪಟೆ ಹಾಳೆಯ ಮೇಲೆ ಮೂಡಿಸುವುದು ಎಂದರೆ ಏನು, ಹಾಗೆ ಮಾಡುವಾಗ ಯಾವುದು ಉಳಿಯುತ್ತದೆ, ಯಾವುದು ಕಳೆದುಹೋಗುತ್ತದೆ ಎಂಬುದನ್ನು ಬುಡದಿಂದಲೇ ನೋಡಬೇಕಾಗುತ್ತದೆ.

ಬಳೆ, ದೀಪ ಮತ್ತು ಗೋಡೆ

ಪ್ರಕ್ಷೇಪ ಎಂಬ ಪದಕ್ಕೆ ಮುಂದಕ್ಕೆ ಎಸೆಯುವುದು ಎಂದು ಅರ್ಥ. ರೇಖಾಗಣಿತದಲ್ಲಿ, ಒಂದು ವಸ್ತುವಿನ ಪ್ರತಿಯೊಂದು ಬಿಂದುವನ್ನೂ ಗೊತ್ತಾದ ಒಂದು ನಿಯಮದ ಪ್ರಕಾರ ಸಮತಲದ ಮೇಲಿನ ಬಿಂದುವೊಂದಕ್ಕೆ ಕಳುಹಿಸುವ ಕ್ರಿಯೆಗೆ ಈ ಹೆಸರು. ನಮಗೆಲ್ಲ ಪರಿಚಿತವಾದ ಪ್ರಕ್ಷೇಪವೆಂದರೆ ನೆರಳು. ಅಲ್ಲಿ ವಸ್ತು ಇದೆ, ಅದನ್ನು ಹಾದು ಬರುವ ಬೆಳಕಿನ ಕಿರಣಗಳಿವೆ, ಕಿರಣಗಳು ಹೋಗಿ ತಾಗುವ ಗೋಡೆಯಿದೆ. ಕಿರಣಗಳು ಯಾವ ದಿಕ್ಕಿನಿಂದ ಬರುತ್ತವೆ, ಗೋಡೆ ಯಾವ ಕಡೆಗೆ ವಾಲಿದೆ ಎಂಬುದರ ಮೇಲೆ ಚಿತ್ರ ನಿರ್ಧಾರವಾಗುತ್ತದೆ.

ಒಂದು ಬಳೆಯನ್ನು ಗೋಡೆಗೆ ಮುಖಮಾಡಿ ಹಿಡಿದರೆ ಅದರ ನೆರಳು ವೃತ್ತವಾಗಿರುತ್ತದೆ. ಸ್ವಲ್ಪ ಓರೆ ಮಾಡಿದರೆ ಅದೇ ನೆರಳು ಮೊಟ್ಟೆಯಂತೆ ಉದ್ದವಾಗುತ್ತದೆ. ಪೂರ್ತಿ ತಿರುಗಿಸಿ ಅಂಚನ್ನು ಗೋಡೆಯ ಕಡೆಗೆ ಹಿಡಿದರೆ ಒಂದು ಗೆರೆ ಮಾತ್ರ ಉಳಿಯುತ್ತದೆ. ಬಳೆ ಬದಲಾಗಲಿಲ್ಲ, ಆದರೂ ಆ ಗೆರೆಯೊಂದನ್ನೇ ನೋಡಿದವರಿಗೆ ಅದು ಬಳೆಯದೋ ಕಡ್ಡಿಯದೋ ಎಂದು ಹೇಳಲು ಬರುವುದಿಲ್ಲ. ಉದ್ದ, ಅಗಲ, ಎತ್ತರ ಎಂಬ ಮೂರು ಅಳತೆಗಳಿರುವುದನ್ನು ಎರಡೇ ಅಳತೆಗಳಿರುವ ಹಾಳೆಗೆ ಇಳಿಸಿದಾಗ ಒಂದು ಅಳತೆಯ ಮಾಹಿತಿ ಮಡಚಿಹೋಗುತ್ತದೆ.

ಕಿರಣಗಳಲ್ಲಿ ಎರಡು ಬಗೆ. ಸೂರ್ಯ ನಮ್ಮಿಂದ ಸುಮಾರು 15 ಕೋಟಿ ಕಿಲೋಮೀಟರ್ ದೂರದಲ್ಲಿರುವುದರಿಂದ ಅಂಗಳಕ್ಕೆ ಬೀಳುವ ಅವನ ಕಿರಣಗಳನ್ನು ಒಂದಕ್ಕೊಂದು ಸಮಾನಾಂತರವೆಂದೇ ಎಣಿಸಬಹುದು. ಇಂತಹ ಕಿರಣಗಳಿಂದಾಗುವುದು ಸಮಾನಾಂತರ ಪ್ರಕ್ಷೇಪ. ಕಿರಣಗಳು ಸಮತಲಕ್ಕೆ ನೆಟ್ಟಗೆ ಬಿದ್ದರೆ ಅದು ಲಂಬ ಪ್ರಕ್ಷೇಪ. ಬೆಂಗಳೂರಿನಲ್ಲಿ ವರ್ಷಕ್ಕೆ ಎರಡು ಬಾರಿ, ಏಪ್ರಿಲ್ 24 ಮತ್ತು ಆಗಸ್ಟ್ 18ರ ಸುಮಾರಿಗೆ, ಮಧ್ಯಾಹ್ನ ಸೂರ್ಯ ನೇರ ನೆತ್ತಿಗೆ ಬರುತ್ತಾನೆ. ಶೂನ್ಯ ನೆರಳಿನ ದಿನ ಎಂದು ಕರೆಯುವ ಆ ಹೊತ್ತಿನಲ್ಲಿ ನೆಟ್ಟಗೆ ನಿಂತ ಕಂಬದ ನೆರಳು ಅದರ ಬುಡದೊಳಗೇ ಅಡಗಿಬಿಡುತ್ತದೆ. ಕಂಬ ಎರಡು ಅಡಿಯದಾಗಿರಲಿ, ಇಪ್ಪತ್ತು ಅಡಿಯದಾಗಿರಲಿ, ನೆಲದ ಮೇಲಿನ ಅದರ ಲಂಬ ಪ್ರಕ್ಷೇಪ ಒಂದೇ.

ದೀಪದ ಕಥೆ ಬೇರೆ. ಅದರ ಕಿರಣಗಳು ಒಂದೇ ಬಿಂದುವಿನಿಂದ ಹೊರಟು ಹರಡಿಕೊಳ್ಳುತ್ತವೆ. ತೊಗಲುಗೊಂಬೆಯಾಟದಲ್ಲಿ ಕಲಾವಿದರು ಗೊಂಬೆಯನ್ನು ಪರದೆಗೆ ತಾಗಿಸಿ ಹಿಡಿದಾಗ ಅದರ ರೂಪ ಅದರದೇ ಅಳತೆಯಲ್ಲಿ ಮೂಡುತ್ತದೆ. ಪರದೆಯಿಂದ ದೂರ ಸರಿಸಿ ದೀಪದ ಹತ್ತಿರಕ್ಕೆ ತಂದರೆ ನೆರಳು ದೊಡ್ಡದಾಗುತ್ತ ಹೋಗುತ್ತದೆ. ಇದು ಕೇಂದ್ರೀಯ ಪ್ರಕ್ಷೇಪ. ನಮ್ಮ ಕಣ್ಣೂ ಕ್ಯಾಮರಾವೂ ನೋಡುವುದು ಹೀಗೆಯೇ, ಆದರೆ ಕಿರಣಗಳ ಪಯಣ ತಿರುವುಮುರುವು: ಅವು ವಸ್ತುಗಳಿಂದ ಹೊರಟು ಒಂದು ಬಿಂದುವಿಗೆ ಬಂದು ಸೇರುತ್ತವೆ. ಹತ್ತಿರದ್ದು ದೊಡ್ಡದಾಗಿ, ದೂರದ್ದು ಚಿಕ್ಕದಾಗಿ ಕಾಣುವುದಕ್ಕೂ, ರೈಲುಹಳಿಗಳು ದೂರದಲ್ಲಿ ಕೂಡಿಕೊಂಡಂತೆ ತೋರುವುದಕ್ಕೂ ಇದೇ ಕಾರಣ.

ಇಳಿಜಾರಿನ ತೋಟ, ಪಹಣಿಯ ಎಕರೆ

ಲಂಬ ಪ್ರಕ್ಷೇಪ ಪಠ್ಯಪುಸ್ತಕದೊಳಗಿನ ಸಂಗತಿಯಷ್ಟೇ ಅಲ್ಲ. ಜಮೀನು ಇರುವ ಪ್ರತಿಯೊಬ್ಬರ ದಾಖಲೆಯಲ್ಲೂ ಅದು ಕೂತಿದೆ. ನಮ್ಮಲ್ಲಿ ಹಿಂದಿನಿಂದ ಬಂದ ಮೋಜಣಿ ಸರಪಳಿಯ ಉದ್ದ 33 ಅಡಿ, ಅದರಲ್ಲಿ 16 ಆಣೆ. ಒಂದು ಸರಪಳಿ ಉದ್ದ, ಒಂದು ಸರಪಳಿ ಅಗಲದ ಜಾಗವೇ ಒಂದು ಗುಂಟೆ. ಗುಡ್ಡದ ಇಳಿಜಾರಿನಲ್ಲಿ ಅಳೆಯುವಾಗ ಸರಪಳಿಯನ್ನು ನೆಲಕ್ಕೆ ಹಾಸುವುದಿಲ್ಲ. ಮಟ್ಟವಾಗಿ ಎತ್ತಿ ಹಿಡಿದು, ಮೆಟ್ಟಿಲು ಮೆಟ್ಟಿಲಾಗಿ ಇಳಿಯುತ್ತ ಅಳೆಯಬೇಕು. ಇಲ್ಲವೇ ಇಳಿಜಾರಿನ ಉದ್ದವನ್ನು ಅಳೆದು ಲೆಕ್ಕದಿಂದ ಮಟ್ಟದ ಉದ್ದಕ್ಕೆ ಇಳಿಸಬೇಕು. ಹೀಗೆ ದಾಖಲೆಗೆ ಸೇರುವುದು ಗುಡ್ಡದ ಮೈಯ ವಿಸ್ತೀರ್ಣವಲ್ಲ. ನೆತ್ತಿಯ ಮೇಲಿನ ಸೂರ್ಯ ಆ ಜಮೀನಿನ ಗಡಿಯನ್ನು ಸಮತಟ್ಟು ಹಾಳೆಯೊಂದರ ಮೇಲೆ ನೆರಳಾಗಿ ಬೀಳಿಸಿದರೆ ಸಿಗುವ ವಿಸ್ತೀರ್ಣ.

ಇದರಿಂದಾಗುವ ವ್ಯತ್ಯಾಸ ಸಣ್ಣದಲ್ಲ. ಒಂದೇ ಸಮನೆ 30 ಡಿಗ್ರಿ ಇಳಿಜಾರಿರುವ ಕಾಫಿ ತೋಟ ಪಹಣಿಯಲ್ಲಿ ಒಂದು ಎಕರೆ, ಅಂದರೆ 40 ಗುಂಟೆ ಇದ್ದರೆ, ಅದರ ನೆಲದ ಮೈ ಸುಮಾರು 46 ಗುಂಟೆಯಷ್ಟಿರುತ್ತದೆ. ಇದು ಮೋಸವೆಂದು ಕೆಲವರು ತಿಳಿಯುವುದುಂಟು. ಆದರೆ ನಿಯಮಕ್ಕೆ ಕಾರಣಗಳಿವೆ. ಗಿಡಮರಗಳು ಇಳಿಜಾರಿಗೆ ಲಂಬವಾಗಿ ಅಲ್ಲ, ಆಕಾಶಕ್ಕೆ ನೆಟ್ಟಗೆ ಬೆಳೆಯುತ್ತವೆ. ನೆಟ್ಟಗೆ ಸುರಿಯುವ ಮಳೆಯ ನೀರು ಜಮೀನಿಗೆ ಎಷ್ಟು ದಕ್ಕುತ್ತದೆ ಎಂಬುದನ್ನೂ ಮಟ್ಟದ ವಿಸ್ತೀರ್ಣವೇ ನಿರ್ಧರಿಸುತ್ತದೆ. ಅದಕ್ಕಿಂತ ಮುಖ್ಯವಾಗಿ, ಎಲ್ಲರ ಜಮೀನನ್ನೂ ಒಂದೇ ಸಮತಲಕ್ಕೆ ಇಳಿಸಿ ಅಳೆದರೆ ಮಾತ್ರ ಅಕ್ಕಪಕ್ಕದ ಸರ್ವೆ ನಂಬರುಗಳು ಗ್ರಾಮ ನಕ್ಷೆಯಲ್ಲಿ ಸಂದು ಬಿಡದೆ, ಒಂದರ ಮೇಲೊಂದು ಹತ್ತದೆ ಕೂಡಿಕೊಳ್ಳುತ್ತವೆ.

ಮನೆ ಕಟ್ಟಿಸುವವರು ನೋಡುವ ಪ್ಲಾನ್ ಮತ್ತು ಎಲಿವೇಶನ್‌ಗಳೂ ಲಂಬ ಪ್ರಕ್ಷೇಪಗಳೇ: ಒಂದು ಮೇಲಿನಿಂದ, ಇನ್ನೊಂದು ಎದುರಿನಿಂದ. ಒಂದು ಚಿತ್ರದಲ್ಲಿ ಮಡಚಿಹೋದ ಅಳತೆ ಇನ್ನೊಂದರಲ್ಲಿ ಬಿಚ್ಚಿಕೊಳ್ಳುತ್ತದೆ. ಈ ವಿಧಾನವನ್ನು ಹದಿನೆಂಟನೆಯ ಶತಮಾನದಲ್ಲಿ ಶಾಸ್ತ್ರವಾಗಿ ಕಟ್ಟಿದವನು ಫ್ರಾನ್ಸಿನ ಗಾಸ್ಪಾರ್ ಮೋಂಜ್. ಕೋಟೆಗಳ ವಿನ್ಯಾಸಕ್ಕೆ ಒದಗುತ್ತಿದ್ದ ಕಾರಣ ಫ್ರೆಂಚ್ ಸೇನೆ ಬಹುಕಾಲ ಅದನ್ನು ಗುಟ್ಟಾಗಿಯೇ ಇಟ್ಟಿತ್ತು.

ಡ್ರೋನ್ ಮೋಜಣಿಯಲ್ಲಿ ಎರಡೂ ಬಗೆಯ ಪ್ರಕ್ಷೇಪಗಳು ಒಟ್ಟಿಗೆ ಬರುತ್ತವೆ. 2020ರಲ್ಲಿ ಆರಂಭವಾದ ಸ್ವಾಮಿತ್ವ ಯೋಜನೆಯಲ್ಲಿ ಗ್ರಾಮಗಳ ಜನವಸತಿ ಪ್ರದೇಶವನ್ನು ಡ್ರೋನ್‌ನಿಂದ ಚಿತ್ರಿಸಿ ಆಸ್ತಿಗಳ ನಕ್ಷೆ ಮಾಡಲಾಗುತ್ತದೆ. ಮೊದಲ ಹಂತದ ರಾಜ್ಯಗಳಲ್ಲಿ ಕರ್ನಾಟಕವೂ ಇತ್ತು. ಡ್ರೋನಿನ ಕ್ಯಾಮರಾ ತೆಗೆಯುವ ಚಿತ್ರ ಕೇಂದ್ರೀಯ ಪ್ರಕ್ಷೇಪವಾದ್ದರಿಂದ ಅಂಚಿನಲ್ಲಿರುವ ತೆಂಗಿನ ಮರಗಳೂ ನೀರಿನ ಟ್ಯಾಂಕುಗಳೂ ಹೊರಕ್ಕೆ ವಾಲಿದಂತೆ ಕಾಣುತ್ತವೆ. ಹಾಗೆಯೇ ಗಡಿ ಗುರುತಿಸಿದರೆ ಒಬ್ಬರ ತಾರಸಿ ಇನ್ನೊಬ್ಬರ ಅಂಗಳಕ್ಕೆ ಚಾಚಿಕೊಳ್ಳುತ್ತದೆ. ಆದ್ದರಿಂದ ಒಂದೇ ಜಾಗದ ಹಲವು ಚಿತ್ರಗಳನ್ನು ಜೋಡಿಸಿ, ನೆಲದ ಏರುತಗ್ಗನ್ನು ಲೆಕ್ಕಹಾಕಿ, ಪ್ರತಿಯೊಂದು ಬಿಂದುವನ್ನೂ ನೇರ ಮೇಲಿನಿಂದ ನೋಡಿದಂತೆ ತಿದ್ದಿದ ಬಳಿಕವೇ ಅದನ್ನು ನಕ್ಷೆಯಾಗಿ ಬಳಸಲಾಗುತ್ತದೆ.

ಪೊಟ್ಟಣ ಬಿಚ್ಚಿಕೊಳ್ಳುತ್ತದೆ, ಮೋಸಂಬಿ ಸಿಪ್ಪೆ ಹರಿಯುತ್ತದೆ

ಒಂದು ಹಳ್ಳಿಯ ಮಟ್ಟಿಗೆ ಭೂಮಿಯನ್ನು ಚಪ್ಪಟೆಯೆಂದೇ ಭಾವಿಸಬಹುದು. ದೇಶ, ಖಂಡ, ಪ್ರಪಂಚ ಎಂದು ಹರವು ಹೆಚ್ಚಿದಂತೆ ಅದರ ದುಂಡುತನ ಎದುರಾಗುತ್ತದೆ, ಮತ್ತು ಅಲ್ಲಿಂದ ಕಷ್ಟ ಶುರುವಾಗುತ್ತದೆ.

ಕಡಲೆಕಾಯಿ ಕಟ್ಟಿಕೊಟ್ಟ ಕಾಗದದ ಶಂಕುವಿನ ಪೊಟ್ಟಣವನ್ನು ಬಿಚ್ಚಿದರೆ ಮತ್ತೆ ಚಪ್ಪಟೆ ಕಾಗದವೇ ಸಿಗುತ್ತದೆ. ಅದರ ಮೇಲಿನ ಅಚ್ಚಕ್ಷರ ಒಂದೂ ಹಿಗ್ಗಿರುವುದಿಲ್ಲ, ಕುಗ್ಗಿರುವುದಿಲ್ಲ. ಸುತ್ತಿಟ್ಟ ಚಾಪೆಯೂ ಹಾಗೆಯೇ. ಶಂಕು ಮತ್ತು ಸಿಲಿಂಡರ್ ಬಾಗಿದಂತೆ ಕಂಡರೂ ಅವು ಒಂದು ದಿಕ್ಕಿಗೆ ಮಾತ್ರ ಬಾಗಿರುತ್ತವೆ. ಮೋಸಂಬಿ ಹಣ್ಣಿನ ಸಿಪ್ಪೆ ಹಾಗಲ್ಲ. ಅರ್ಧ ಹಣ್ಣಿನ ಸಿಪ್ಪೆಯನ್ನು ಇಡಿಯಾಗಿ ಬಿಡಿಸಿ ಮೇಜಿನ ಮೇಲೆ ಅದುಮಿದರೆ ಅಂಚುಗಳು ಹರಿಯುತ್ತವೆ. ಹರಿಯದಂತೆ ಅದನ್ನು ಹರಡಬೇಕಾದರೆ ಸಿಪ್ಪೆ ರಬ್ಬರಿನದಾಗಿರಬೇಕು, ಅಂಚಿನ ಭಾಗ ಹಿಗ್ಗಬೇಕು.

ಇದು ಕೈಚಳಕದ ಕೊರತೆಯಲ್ಲ, ಗಣಿತದ ಕಟ್ಟಳೆ ಎಂಬುದನ್ನು ಜರ್ಮನಿಯ ಗಣಿತಜ್ಞ ಕಾರ್ಲ್ ಫ್ರೆಡ್ರಿಕ್ ಗಾಸ್ 1827ರಲ್ಲಿ ತೋರಿಸಿದನು. ಆತನ ಸಿದ್ಧಾಂತದ ಪೂರ್ಣ ರೂಪಕ್ಕೆ ಹೆಚ್ಚಿನ ಗಣಿತ ಬೇಕು, ಆದರೆ ಅದರ ತಿರುಳನ್ನು ಒಂದು ತ್ರಿಕೋನದಿಂದ ಅರಿಯಬಹುದು. ಸಮಭಾಜಕ ವೃತ್ತದ ಮೇಲೆ ಒಂದು ಜಾಗದಿಂದ ನೇರ ಉತ್ತರ ಧ್ರುವಕ್ಕೆ ಹೋಗಿ. ಅಲ್ಲಿ 90 ಡಿಗ್ರಿ ತಿರುಗಿ ನೇರ ಕೆಳಗಿಳಿದು ಮತ್ತೆ ಸಮಭಾಜಕಕ್ಕೆ ಬನ್ನಿ. ಅದರ ಗುಂಟ ನಡೆದು ಹೊರಟಲ್ಲಿಗೆ ಸೇರಿಕೊಳ್ಳಿ. ಈ ತ್ರಿಕೋನದ ಮೂರು ಮೂಲೆಗಳೂ ಲಂಬಕೋನಗಳು, ಒಟ್ಟು 270 ಡಿಗ್ರಿ. ಕಾಗದದ ಮೇಲೆ ಬರೆದ ಯಾವ ತ್ರಿಕೋನದ ಕೋನಗಳ ಮೊತ್ತವೂ 180 ಡಿಗ್ರಿಯನ್ನು ಮೀರುವುದಿಲ್ಲ. ಹೀಗಿರುವಾಗ ಗೋಳದ ಮೇಲಿನ ತ್ರಿಕೋನವನ್ನು ಅದರ ಎಲ್ಲ ಉದ್ದ ಮತ್ತು ಕೋನಗಳ ಸಮೇತ ಕಾಗದಕ್ಕೆ ತರುವ ದಾರಿಯೇ ಇಲ್ಲ.

ಆದ್ದರಿಂದ ನಕ್ಷೆ ಮಾಡುವವನು ಒಂದು ಆಯ್ಕೆ ಮಾಡಿಕೊಳ್ಳಬೇಕಾಗುತ್ತದೆ. ಅವನು ಸಣ್ಣ ಪ್ರದೇಶಗಳ ಆಕಾರವನ್ನೂ ಕೋನಗಳನ್ನೂ ಕಾಪಾಡಬಹುದು. ಅಂತಹವು ಸಮಕೋನ ಪ್ರಕ್ಷೇಪಗಳು. ಇಲ್ಲವೇ ಎಲ್ಲ ದೇಶಗಳ ವಿಸ್ತೀರ್ಣದ ಪ್ರಮಾಣವನ್ನು ಕಾಪಾಡಬಹುದು. ಅವು ಸಮಕ್ಷೇತ್ರ ಪ್ರಕ್ಷೇಪಗಳು. ಒಂದೇ ಪ್ರಪಂಚ ಭೂಪಟ ಇವೆರಡನ್ನೂ ಕೊಡಲಾರದು. ಯಾವುದೋ ಒಂದು ಊರಿನಿಂದ ಉಳಿದೆಲ್ಲ ಕಡೆಗೆ ಇರುವ ದೂರ ಮತ್ತು ದಿಕ್ಕನ್ನು ಸರಿಯಾಗಿ ತೋರಿಸುವ ಮೂರನೆಯ ಬಗೆಯೂ ಉಂಟು. ವಿಶ್ವಸಂಸ್ಥೆಯ ಲಾಂಛನದಲ್ಲಿರುವುದು ಉತ್ತರ ಧ್ರುವವನ್ನು ನಡುವಿಗೆ ಇಟ್ಟುಕೊಂಡ ಇಂತಹ ಭೂಪಟವೇ. ಇನ್ನು ಯಾವುದನ್ನೂ ಪೂರ್ತಿ ಕಾಪಾಡದೆ, ಎಲ್ಲ ದೋಷಗಳನ್ನೂ ಸ್ವಲ್ಪ ಸ್ವಲ್ಪವಾಗಿ ಹಂಚುವ ರಾಜಿ ಭೂಪಟಗಳೂ ಇವೆ.

ನಾವಿಕನಿಗಾಗಿ ಮಾಡಿದ ಭೂಪಟ

ಗೆರಾರ್ಡಸ್ ಮರ್ಕೇಟರ್ ಇಂದಿನ ಬೆಲ್ಜಿಯಮ್‌ನಲ್ಲಿರುವ ರುಪೆಲ್‌ಮೊಂಡೆಯಲ್ಲಿ 1512ರಲ್ಲಿ ಹುಟ್ಟಿದವನು. 1569ರಲ್ಲಿ ಅವನು 18 ಹಾಳೆಗಳನ್ನು ಕೂಡಿಸಿದ ದೊಡ್ಡ ಪ್ರಪಂಚ ಭೂಪಟವೊಂದನ್ನು ಪ್ರಕಟಿಸಿದನು. ಅದು ನೌಕಾಯಾನದ ಬಳಕೆಗೆ ಹೊಂದಿಸಿದ ಭೂಪಟವೆಂದು ಅದರ ಶೀರ್ಷಿಕೆಯೇ ಸಾರುತ್ತಿತ್ತು. ಆ ಕಾಲದ ನಾವಿಕನ ಕೈಯಲ್ಲಿದ್ದ ಮುಖ್ಯ ಸಾಧನ ದಿಕ್ಸೂಚಿ. ಉತ್ತರದಿಂದ ಇಷ್ಟು ಡಿಗ್ರಿ ಎಂದು ಗೊತ್ತುಮಾಡಿಕೊಂಡು ಅದೇ ಕೋನದಲ್ಲಿ ಹಡಗನ್ನು ದಿನಗಟ್ಟಲೆ ನಡೆಸುವುದು ಅವನ ಪದ್ಧತಿ. ಹಾಗೆ ಸಾಗಿದ ದಾರಿ ಗೋಳದ ಮೇಲೆ ಧ್ರುವದ ಕಡೆಗೆ ಸುರುಳಿ ಸುತ್ತುತ್ತ ಹೋಗುತ್ತದೆ. ಆ ಸುರುಳಿ ಕಾಗದದ ಮೇಲೆ ಸರಳರೇಖೆಯಾಗಿ ಬರುವಂತಾದರೆ, ಎರಡು ಬಂದರುಗಳ ನಡುವೆ ಅಳತೆಕೋಲಿಟ್ಟು ಗೆರೆ ಎಳೆದು, ಕೋನ ಅಳೆದುಕೊಂಡು ಹೊರಟುಬಿಡಬಹುದು. ಮರ್ಕೇಟರ್ ಸಾಧಿಸಿದ್ದು ಇದನ್ನು.

ಸಾಧಿಸಿದ್ದು ಹೇಗೆಂದು ನೋಡಿದರೆ ಗ್ರೀನ್‌ಲ್ಯಾಂಡಿನ ಒಗಟೂ ಬಿಡಿಸಿಕೊಳ್ಳುತ್ತದೆ. ಗೋಳದ ಮೇಲೆ ರೇಖಾಂಶಗಳು ಸಮಭಾಜಕದಿಂದ ದೂರವಾದಂತೆ ಹತ್ತಿರ ಸರಿಯುತ್ತ ಧ್ರುವದಲ್ಲಿ ಕೂಡಿಕೊಳ್ಳುತ್ತವೆ. 60 ಡಿಗ್ರಿ ಅಕ್ಷಾಂಶದಲ್ಲಿ ಎರಡು ರೇಖಾಂಶಗಳ ನಡುವಿನ ಅಂತರ ಸಮಭಾಜಕದಲ್ಲಿ ಇರುವುದರ ಅರ್ಧವಷ್ಟೇ. ಮರ್ಕೇಟರ್ ಭೂಪಟದಲ್ಲಿ ಅವು ಕಿಟಕಿಯ ಸರಳುಗಳಂತೆ ಎಲ್ಲೆಡೆ ಸಮ ಅಂತರದಲ್ಲಿ ನಿಂತಿರುತ್ತವೆ. ಅಂದರೆ 60 ಡಿಗ್ರಿಯಲ್ಲಿರುವ ನಾಡನ್ನು ಪೂರ್ವ-ಪಶ್ಚಿಮವಾಗಿ ಎರಡು ಪಟ್ಟು ಎಳೆದಂತಾಯಿತು. ಅಷ್ಟಕ್ಕೇ ಬಿಟ್ಟರೆ ಎಲ್ಲವೂ ಅಡ್ಡಡ್ಡ ಉಬ್ಬಿ ಕೋನಗಳು ಕೆಡುತ್ತವೆ. ಕೋನ ಕೆಡಬಾರದೆಂದರೆ ಉತ್ತರ-ದಕ್ಷಿಣವಾಗಿಯೂ ಅಷ್ಟೇ ಎಳೆಯಬೇಕು. ಅಗಲ ಎರಡು ಪಟ್ಟು, ಎತ್ತರ ಎರಡು ಪಟ್ಟು. ವಿಸ್ತೀರ್ಣ ನಾಲ್ಕು ಪಟ್ಟು. 80 ಡಿಗ್ರಿಯಲ್ಲಿ ಇದು ಸುಮಾರು 33 ಪಟ್ಟು, ಧ್ರುವದಲ್ಲಿ ಅನಂತ. ಅದಕ್ಕಾಗಿಯೇ ಈ ಬಗೆಯ ಯಾವ ಭೂಪಟದಲ್ಲೂ ಧ್ರುವ ಬಿಂದು ಇರುವುದಿಲ್ಲ. ಗ್ರೀನ್‌ಲ್ಯಾಂಡ್ ಹರಡಿಕೊಂಡಿರುವುದು ಸುಮಾರು 60ರಿಂದ 83 ಡಿಗ್ರಿಯ ನಡುವೆ.

ನಮಗೆ ಹತ್ತಿರದ ಒಂದು ಹೋಲಿಕೆ ಹೀಗಿದೆ. ಕರ್ನಾಟಕದ ವಿಸ್ತೀರ್ಣ 1,91,791 ಚದರ ಕಿಲೋಮೀಟರ್. ಐಸ್‌ಲ್ಯಾಂಡಿನದು ಸುಮಾರು 1.03 ಲಕ್ಷ, ಅಂದರೆ ನಮ್ಮ ರಾಜ್ಯದ ಅರ್ಧಕ್ಕಿಂತ ತುಸು ಹೆಚ್ಚು. ಐಸ್‌ಲ್ಯಾಂಡ್ ಇರುವುದು 65 ಡಿಗ್ರಿಯ ಆಸುಪಾಸಿನಲ್ಲಾದ್ದರಿಂದ ಮರ್ಕೇಟರ್ ಭೂಪಟದಲ್ಲಿ ಅದು ಐದೂವರೆ ಪಟ್ಟಿಗೂ ಹೆಚ್ಚು ಹಿಗ್ಗುತ್ತದೆ. 15 ಡಿಗ್ರಿಯ ಆಸುಪಾಸಿನ ಕರ್ನಾಟಕ ನೂರಕ್ಕೆ ಏಳರಷ್ಟು ಮಾತ್ರ. ಪರಿಣಾಮವಾಗಿ ಕರ್ನಾಟಕಕ್ಕಿಂತ ಚಿಕ್ಕದಾದ ಆ ದ್ವೀಪ ಭೂಪಟದಲ್ಲಿ ಕರ್ನಾಟಕದ ಎರಡೂಮುಕ್ಕಾಲು ಪಟ್ಟು ದೊಡ್ಡದಾಗಿ ಕಾಣುತ್ತದೆ.

ಇಲ್ಲೊಂದು ಸಣ್ಣ ತಿದ್ದುಪಡಿ ಅಗತ್ಯ. ಗಾಜಿನ ಗೋಳದ ನಡುವೆ ದೀಪವಿಟ್ಟು, ಸುತ್ತ ಕಾಗದವನ್ನು ಸಿಲಿಂಡರಿನಂತೆ ಸುತ್ತಿದರೆ ಬೀಳುವ ನೆರಳೇ ಮರ್ಕೇಟರ್ ಭೂಪಟ ಎಂಬ ವಿವರಣೆ ಬಹಳ ಕಡೆ ಕಾಣಸಿಗುತ್ತದೆ. ಅದು ಸರಿಯಲ್ಲ. ಹಾಗೆ ಬೀಳುವ ನೆರಳು ಉತ್ತರ-ದಕ್ಷಿಣವಾಗಿ ಇನ್ನೂ ಹೆಚ್ಚು ಹಿಗ್ಗಿ ಕೋನಗಳನ್ನು ಕೆಡಿಸುತ್ತದೆ. ಮರ್ಕೇಟರ್ ಪ್ರಕ್ಷೇಪ ಯಾವ ದೀಪದಿಂದಲೂ ಬೀಳುವ ನೆರಳಲ್ಲ. ಲೆಕ್ಕದಿಂದ ಮಾತ್ರ ಸಿಗುವಂತಹದು. ಅಕ್ಷಾಂಶಗಳನ್ನು ಎಷ್ಟೆಷ್ಟು ಅಂತರದಲ್ಲಿ ಬರೆಯಬೇಕೆಂಬ ಗಣಿತವನ್ನು ಕೋಷ್ಟಕವಾಗಿ ವಿವರಿಸಿದವನು ಇಂಗ್ಲೆಂಡಿನ ಎಡ್ವರ್ಡ್ ರೈಟ್, 1599ರಲ್ಲಿ. ಭೂಪಟಗಳ ವಿಷಯದಲ್ಲಿ ಪ್ರಕ್ಷೇಪ ಎಂಬ ಪದ ನೆರಳಿನ ಮೂಲಾರ್ಥವನ್ನು ದಾಟಿ, ಗೋಳದ ಬಿಂದುಗಳನ್ನು ಕಾಗದದ ಬಿಂದುಗಳಿಗೆ ಜೋಡಿಸುವ ಯಾವುದೇ ಸೂತ್ರಕ್ಕೆ ಅನ್ವಯವಾಗುತ್ತದೆ.

ಸ್ಯಾನ್ ಫ್ರಾನ್ಸಿಸ್ಕೊದಿಂದ ಬೆಂಗಳೂರಿಗೆ ಧ್ರುವದ ದಾರಿ

ಮರ್ಕೇಟರ್ ಭೂಪಟದ ಸರಳರೇಖೆ ದಿಕ್ಕು ತಪ್ಪದ ದಾರಿಯೇ ಹೊರತು ಹತ್ತಿರದ ದಾರಿಯಲ್ಲ. 2021ರ ಜನವರಿಯಲ್ಲಿ ಮಹಿಳಾ ಪೈಲಟ್‌ಗಳೇ ನಡೆಸಿದ ಏರ್ ಇಂಡಿಯಾ ವಿಮಾನ ಸ್ಯಾನ್ ಫ್ರಾನ್ಸಿಸ್ಕೊದಿಂದ ಹೊರಟು ಉತ್ತರ ಧ್ರುವ ಪ್ರದೇಶದ ಮೇಲೆ ಹಾರಿ ಬೆಂಗಳೂರಿಗೆ ಬಂದಿಳಿದಾಗ, ಇಷ್ಟು ಸುತ್ತು ಬಳಸಿ ಬರುವುದೇಕೆ ಎಂದು ಭೂಪಟ ನೋಡಿದವರಿಗೆ ಅನ್ನಿಸಿರಬಹುದು. ಬಳಸಿದ್ದಲ್ಲ. ಈ ಎರಡು ನಗರಗಳ ರೇಖಾಂಶಗಳ ನಡುವೆ 160 ಡಿಗ್ರಿ ಅಂತರವಿದೆ. ಒಂದು ಗೋಳದ ಈ ಮಗ್ಗುಲಿನಲ್ಲಿದ್ದರೆ ಇನ್ನೊಂದು ಹೆಚ್ಚುಕಡಿಮೆ ಆ ಮಗ್ಗುಲಿನಲ್ಲಿದೆ. ಗೋಳದ ಮೇಲೆ ಎರಡು ಊರುಗಳ ನಡುವೆ ದಾರ ಬಿಗಿಹಿಡಿದರೆ ಅದು ತಾನಾಗಿಯೇ ಧ್ರುವದ ಹತ್ತಿರ ಹಾದುಹೋಗುತ್ತದೆ. ಆ ದಾರದ ದಾರಿ ಸುಮಾರು 14,000 ಕಿಲೋಮೀಟರ್. ಮರ್ಕೇಟರ್ ಭೂಪಟದಲ್ಲಿ ಪೆಸಿಫಿಕ್ ಸಾಗರದ ಮೇಲೆ ಅಳತೆಕೋಲಿಟ್ಟು ಎಳೆದ ನೇರ ಗೆರೆಯ ಗುಂಟ ಹಾರಿದರೆ ಸುಮಾರು 16,000 ಕಿಲೋಮೀಟರ್ ಆಗುತ್ತದೆ.

ಹತ್ತಿರದ ದಾರಿಯೇ ಸರಳರೇಖೆಯಾಗಿ ಬರುವಂತಹ ಪ್ರಕ್ಷೇಪವೂ ಇದೆ. ಗೋಳದ ಕೇಂದ್ರದಲ್ಲಿ ದೀಪವಿಟ್ಟು, ಗೋಳವನ್ನು ಒಂದು ಬಿಂದುವಿನಲ್ಲಿ ತಾಗುವ ಚಪ್ಪಟೆ ಹಾಳೆಯ ಮೇಲೆ ನೆರಳು ಬೀಳಿಸಿದರೆ ಅದು ಸಿಗುತ್ತದೆ. ಇದು ನಿಜವಾದ ನೆರಳು. ಆದರೆ ಅರ್ಧ ಗೋಳವನ್ನು ಕೂಡ ಅದು ಪೂರ್ತಿ ತೋರಿಸಲಾರದು; ಅಂಚಿನ ಕಡೆಗೆ ಹಿಗ್ಗುವಿಕೆ ಮಿತಿಮೀರುತ್ತದೆ.

ಫೋನಿನ ನಕ್ಷೆ ಇನ್ನೂ ಮರ್ಕೇಟರ್ ಏಕೆ

ಹಡಗಿನ ಕಾಲದ ಈ ಮಾದರಿ ನಮ್ಮ ಜೇಬಿನ ಫೋನಿನಲ್ಲೂ ಇದೆ. 2005ರಲ್ಲಿ ಬಂದ ಗೂಗಲ್ ಮ್ಯಾಪ್ಸ್ ಮರ್ಕೇಟರ್‌ನ ಸರಳಗೊಳಿಸಿದ ರೂಪವೊಂದನ್ನು ಆರಿಸಿಕೊಂಡಿತು, ಬೇರೆ ಅನೇಕ ನಕ್ಷೆ ಸೇವೆಗಳೂ ಅದನ್ನೇ ಅನುಸರಿಸಿದವು. ಧ್ರುವಗಳ ಕಡೆ 85 ಡಿಗ್ರಿಯ ಆಸುಪಾಸಿನಲ್ಲಿ ಕತ್ತರಿಸಿದರೆ ಇಡೀ ಪ್ರಪಂಚ ಒಂದು ಚೌಕವಾಗುತ್ತದೆ. ಆ ಚೌಕವನ್ನು ನಾಲ್ಕಾಗಿ, ಪ್ರತಿಯೊಂದನ್ನೂ ಮತ್ತೆ ನಾಲ್ಕಾಗಿ ಕತ್ತರಿಸುತ್ತ ಹೋದರೆ ಸಣ್ಣ ಸಣ್ಣ ಬಿಲ್ಲೆಗಳಾಗುತ್ತವೆ. ನಾವು ಬೆರಳಿನಿಂದ ನಕ್ಷೆಯನ್ನು ಹಿಗ್ಗಿಸಿದಾಗ ಬೇಕಾದ ಬಿಲ್ಲೆಗಳಷ್ಟೇ ಇಳಿದುಬರುತ್ತವೆ.

ಅನುಕೂಲ ಇಷ್ಟೇ ಅಲ್ಲ. ಫೋನಿನಲ್ಲಿ ನಾವು ನೋಡುವುದು ಖಂಡಗಳನ್ನಲ್ಲ, ಬೀದಿಗಳನ್ನು. ಕೋನಗಳು ಕೆಡದ ಕಾರಣ ಲಂಬವಾಗಿ ಕೂಡುವ ಎರಡು ರಸ್ತೆಗಳು ಬೆಂಗಳೂರಿನಲ್ಲೂ, 60 ಡಿಗ್ರಿ ಅಕ್ಷಾಂಶದ ಆಸುಪಾಸಿನಲ್ಲಿರುವ ನಾರ್ವೆಯ ಓಸ್ಲೊದಲ್ಲೂ ಲಂಬವಾಗಿಯೇ ಕಾಣುತ್ತವೆ. ಇದರ ಬದಲು ಗಾಲ್-ಪೀಟರ್ಸ್ ಎಂಬ ಹೆಸರಾಂತ ಸಮಕ್ಷೇತ್ರ ಪ್ರಕ್ಷೇಪವನ್ನು ಬಳಸಿದ್ದರೆ, ಬೆಂಗಳೂರಿನ ಚೌಕಾಕಾರದ ನಿವೇಶನ ಉತ್ತರ-ದಕ್ಷಿಣವಾಗಿ ಸುಮಾರು ಎರಡು ಪಟ್ಟು ಎಳೆದಂತೆ, ಓಸ್ಲೊದ ಚೌಕ ಪೂರ್ವ-ಪಶ್ಚಿಮವಾಗಿ ಎರಡು ಪಟ್ಟು ಎಳೆದಂತೆ ಕಾಣುತ್ತಿತ್ತು. ವಿಸ್ತೀರ್ಣದ ಪ್ರಮಾಣ ಸರಿಯಿರುತ್ತಿತ್ತು, ಬೀದಿ ಹುಡುಕುವವರು ಕಂಗಾಲಾಗುತ್ತಿದ್ದರು. 2018ರಲ್ಲಿ ಗೂಗಲ್ ತನ್ನ ಕಂಪ್ಯೂಟರ್ ಆವೃತ್ತಿಯಲ್ಲಿ, ನಕ್ಷೆಯನ್ನು ಪೂರ್ತಿ ಕಿರಿದಾಗಿಸಿದಾಗ ಚಪ್ಪಟೆ ಭೂಪಟದ ಬದಲು ಗೋಳವೇ ಕಾಣುವಂತೆ ಮಾಡಿತು. ಪರದೆಯ ಮೇಲೆ ತೋರುವ ಗೋಳವೂ ಒಂದು ಪ್ರಕ್ಷೇಪವೇ, ಆದರೆ ಕಣ್ಣಿಗೆ ಅಭ್ಯಾಸವಾದದ್ದು.

ಧಾರವಾಡದ ಮೇಲೆ ಹಾಯುವ ಗೆರೆ

ಮರ್ಕೇಟರ್ ಭೂಪಟ ಸಮಭಾಜಕದ ಬಳಿ ಬಹುತೇಕ ನಿಖರ, ದೂರ ಹೋದಂತೆ ಕೆಡುತ್ತದೆ. ಹಾಗಾದರೆ ಸಿಲಿಂಡರನ್ನು ಅಡ್ಡ ಮಲಗಿಸಿ, ಸಮಭಾಜಕದ ಬದಲು ನಮಗೆ ಬೇಕಾದ ರೇಖಾಂಶವನ್ನು ಅದು ತಾಗುವಂತೆ ಮಾಡಿದರೆ ಆ ರೇಖಾಂಶದ ಎರಡೂ ಬದಿಯ ಪಟ್ಟಿ ನಿಖರವಾಗಬೇಕಲ್ಲವೇ? ಈ ಉಪಾಯವನ್ನು 1772ರಲ್ಲಿ ಪ್ರಕಟಿಸಿದವನು ಯೋಹಾನ್ ಹೈನ್ರಿಕ್ ಲಾಂಬರ್ಟ್. ಇಂದು ಪ್ರಪಂಚವನ್ನು ತಲಾ 6 ಡಿಗ್ರಿ ಅಗಲದ 60 ಪಟ್ಟಿಗಳಾಗಿ ಸೀಳಿ ಪ್ರತಿಯೊಂದಕ್ಕೂ ಬೇರೆ ಬೇರೆ ಅಡ್ಡ ಸಿಲಿಂಡರ್ ಹೊಂದಿಸುವ ಯು.ಟಿ.ಎಂ. ಪದ್ಧತಿ ಬಳಕೆಯಲ್ಲಿದೆ, ಭಾರತೀಯ ಸರ್ವೇಕ್ಷಣಾ ಇಲಾಖೆಯ ಸಾರ್ವಜನಿಕ ಸ್ಥಳಾಕೃತಿ ನಕ್ಷೆಗಳೂ ಇದರಲ್ಲಿವೆ.

ಕರ್ನಾಟಕದ ಹೆಚ್ಚಿನ ಭಾಗ 72ರಿಂದ 78 ಡಿಗ್ರಿ ಪೂರ್ವ ರೇಖಾಂಶದ 43ನೆಯ ಪಟ್ಟಿಗೆ ಸೇರುತ್ತದೆ. ಅದರ ನಡುಗೆರೆಯಾದ 75 ಡಿಗ್ರಿ ರೇಖಾಂಶ ಬಹುಮಟ್ಟಿಗೆ ಧಾರವಾಡದ ಮೇಲೆಯೇ ಹಾದುಹೋಗುತ್ತದೆ. ಇತ್ತ 78 ಡಿಗ್ರಿಯ ಗೆರೆ ಮಾಲೂರಿನಿಂದ ತುಸು ಪೂರ್ವಕ್ಕಿರುವುದರಿಂದ ಕೋಲಾರ ನಗರ 44ನೆಯ ಪಟ್ಟಿಗೆ ಸೇರಿಬಿಡುತ್ತದೆ. ಒಂದೇ ರಾಜ್ಯದ ಎರಡು ಜಿಲ್ಲೆಗಳ ನಕ್ಷೆಗಳನ್ನು ಕಂಪ್ಯೂಟರಿನಲ್ಲಿ ಜೋಡಿಸುವಾಗ ಪಟ್ಟಿ ಬದಲಾದದ್ದನ್ನು ಗಮನಿಸದಿದ್ದರೆ ಕೋಲಾರ ನೂರಾರು ಕಿಲೋಮೀಟರ್ ಆಚೆಗೆ ಹೋಗಿ ಕೂರುತ್ತದೆ.

ಈ ಪದ್ಧತಿಯಲ್ಲೂ ಹಿಗ್ಗು-ಕುಗ್ಗು ಇದೆ, ಆದರೆ ಅತ್ಯಲ್ಪ. ದೋಷವನ್ನು ಪಟ್ಟಿಯ ಉದ್ದಗಲಕ್ಕೆ ಹಂಚುವ ಸಲುವಾಗಿ ನಡುಗೆರೆಯನ್ನು ಬೇಕೆಂದೇ 0.9996ರ ಪ್ರಮಾಣಕ್ಕೆ ಕುಗ್ಗಿಸಿರುತ್ತಾರೆ; ಧಾರವಾಡದಲ್ಲಿ ಒಂದು ಕಿಲೋಮೀಟರಿಗೆ 40 ಸೆಂಟಿಮೀಟರ್ ಕಡಿಮೆ. ನಡುಗೆರೆಯಿಂದ ದೂರದಲ್ಲಿರುವ ಬೆಂಗಳೂರಿನಲ್ಲಿ ಒಂದು ಕಿಲೋಮೀಟರಿಗೆ ಅರ್ಧ ಮೀಟರಿಗಿಂತ ತುಸು ಹೆಚ್ಚು ಹಿಗ್ಗುತ್ತದೆ. ಸಮುದ್ರಮಟ್ಟದಿಂದ ಎತ್ತರಕ್ಕೆ ಮಾಡಬೇಕಾದ ತಿದ್ದುಪಡಿಯನ್ನು ಬದಿಗಿಟ್ಟರೆ, 30-40ರ ನಿವೇಶನವೊಂದರ 1,200 ಚದರ ಅಡಿಗೆ ವ್ಯತ್ಯಾಸ ಒಂದೂವರೆ ಚದರ ಅಡಿಯನ್ನೂ ಮುಟ್ಟುವುದಿಲ್ಲ. ಆದರೂ ರೈಲುಮಾರ್ಗ, ಸುರಂಗ, ಹೆದ್ದಾರಿಗಳಂತಹ ಉದ್ದನೆಯ ಕೆಲಸಗಳಲ್ಲಿ ಎಂಜಿನಿಯರರು ಇದನ್ನು ಲೆಕ್ಕಕ್ಕೆ ತೆಗೆದುಕೊಳ್ಳಲೇಬೇಕು.

ಬದಲಿ ಭೂಪಟಗಳು

ಮರ್ಕೇಟರ್ ಮೇಲಿನ ಆಕ್ಷೇಪ 2025ರಲ್ಲಿ ಹುಟ್ಟಿದ್ದಲ್ಲ. ಸ್ಕಾಟ್ಲೆಂಡಿನ ಪಾದ್ರಿ ಜೇಮ್ಸ್ ಗಾಲ್ 1855ರಲ್ಲಿ ಮುಂದಿಟ್ಟಿದ್ದ ಸಮಕ್ಷೇತ್ರ ಭೂಪಟವನ್ನೇ ಜರ್ಮನಿಯ ಆರ್ನೊ ಪೀಟರ್ಸ್ 1973ರಲ್ಲಿ ತನ್ನದೆಂದು ಪ್ರಚುರಪಡಿಸಿ, ಬಡ ದೇಶಗಳಿಗೆ ನ್ಯಾಯ ಕೊಡುವ ಭೂಪಟವೆಂದು ಪ್ರತಿಪಾದಿಸಿದನು. ಅದರಲ್ಲಿ ವಿಸ್ತೀರ್ಣ ಸರಿಯಿದ್ದರೂ ಆಫ್ರಿಕಾ ಹಗ್ಗಕ್ಕೆ ಹಾಕಿದ ಒದ್ದೆ ಬಟ್ಟೆಯಂತೆ ಕೆಳಕ್ಕೆ ಜೋತುಬೀಳುತ್ತದೆ. ನ್ಯಾಷನಲ್ ಜಿಯಾಗ್ರಫಿಕ್ ಸೊಸೈಟಿ 1988ರಲ್ಲಿ ರಾಬಿನ್ಸನ್, 1998ರಲ್ಲಿ ವಿಂಕೆಲ್ ಟ್ರಿಪೆಲ್ ಎಂಬ ರಾಜಿ ಪ್ರಕ್ಷೇಪಗಳನ್ನು ಆರಿಸಿಕೊಂಡಿತು.

ಈಗಿನ ಅಭಿಯಾನ ಮುಂದಿಡುತ್ತಿರುವುದು ಈಕ್ವಲ್ ಅರ್ಥ್ ಎಂಬ ಪ್ರಕ್ಷೇಪವನ್ನು. ಬೋಯನ್ ಶಾವ್ರಿಚ್, ಟಾಮ್ ಪ್ಯಾಟರ್ಸನ್ ಮತ್ತು ಬರ್ನ್‌ಹಾರ್ಡ್ ಜೆನ್ನಿ 2018ರಲ್ಲಿ ಇದನ್ನು ರೂಪಿಸಿದರು. ಬದಿಗಳು ಕಮಾನಿನಂತೆ ಬಾಗಿರುವ ಈ ಭೂಪಟದಲ್ಲಿ ದೇಶಗಳ ವಿಸ್ತೀರ್ಣದ ಪ್ರಮಾಣ ಸರಿಯಾಗಿದೆ, ಖಂಡಗಳ ರೂಪವೂ ಪೀಟರ್ಸ್ ಭೂಪಟದಷ್ಟು ವಿಕಾರವಾಗಿಲ್ಲ. ಆದರೆ ಕಮಾನಿನ ಅಂಚಿಗೆ ಬಿದ್ದ ಅಲಾಸ್ಕ, ನ್ಯೂಜಿಲೆಂಡ್‌ಗಳು ಓರೆಯಾಗುತ್ತವೆ, ಬಿಂದುವಾಗಿರಬೇಕಾದ ಧ್ರುವ ಉದ್ದನೆಯ ಗೆರೆಯಾಗುತ್ತದೆ. ಜನಸಂಖ್ಯೆ, ಕಾಡು, ಬೆಳೆಗಳ ಹರವನ್ನು ಹೋಲಿಸಲು ಇದು ಮರ್ಕೇಟರ್‌ಗಿಂತ ಎಷ್ಟೋ ಮೇಲು. ಹಡಗು ನಡೆಸಲು ಉಪಯೋಗಕ್ಕೆ ಬಾರದು.

ಎದುರಿಗಿರುವ ಭೂಪಟ ಯಾವ ಬಗೆಯದೆಂದು ತಿಳಿಯಲು ಅಕ್ಷಾಂಶದ ಅಡ್ಡಗೆರೆಗಳನ್ನು ಗಮನಿಸಬಹುದು. ಸಮಭಾಜಕದಿಂದ ಧ್ರುವದ ಕಡೆಗೆ ಅವುಗಳ ಅಂತರ ಹೆಚ್ಚುತ್ತ ಹೋದರೆ ಅದು ಮರ್ಕೇಟರ್ ಅಥವಾ ಅದರ ಸಂಬಂಧಿ. ಪೀಟರ್ಸ್ ಮತ್ತು ಈಕ್ವಲ್ ಅರ್ಥ್ ಭೂಪಟಗಳಲ್ಲಿ ಆ ಅಂತರ ಕಡಿಮೆಯಾಗುತ್ತ ಹೋಗುತ್ತದೆ. ಫೋನಿನಲ್ಲಿ ಇನ್ನೊಂದು ಪರೀಕ್ಷೆ ಸಾಧ್ಯ. ನಕ್ಷೆಯನ್ನು ಬೆಂಗಳೂರಿನ ಒಂದು ಬಡಾವಣೆಗೆ ಹಿಗ್ಗಿಸಿಕೊಂಡು, ಮೂಲೆಯಲ್ಲಿ ತೋರುವ ಅಳತೆಪಟ್ಟಿಯನ್ನು ನೋಡಿಕೊಳ್ಳಿ. ಬಳಿಕ ಹಿಗ್ಗಿಸಿದ ಮಟ್ಟವನ್ನು ಬದಲಿಸದೆ ಓಸ್ಲೊ ನಗರಕ್ಕೆ ಹೋಗಿ. ಬೆಂಗಳೂರಿನಲ್ಲಿ ಒಂದು ಕಿಲೋಮೀಟರ್ ಆಗಿದ್ದ ಬೆರಳಿನ ಅಗಲ ಅಲ್ಲಿ ಅರ್ಧ ಕಿಲೋಮೀಟರಿಗೆ ಇಳಿದಿರುತ್ತದೆ.